ನಿಮಗಾಗಿ ಕಾಯುತ್ತಾ ಕೂರುವ ವಿಲನ್: ಎಲ್ಡರ್ ಸ್ಕ್ರೋಲ್ಸ್ ಆಟಗಳ ಖಳರು ಯಾಕೆ ಹೀಗೆ?

2025ರ ಏಪ್ರಿಲ್ 22ರಂದು ವಿಡಿಯೊ ಗೇಮ್ ಮಾಡುವ ಬೆಥೆಸ್ಡಾ ಕಂಪನಿ, ಎಲ್ಡರ್ ಸ್ಕ್ರೋಲ್ಸ್ ಸರಣಿಯ ತನ್ನ ಹಳೆಯ ಆಟ 'ಒಬ್ಲಿವಿಯನ್' ಹೊಸ ರೂಪದಲ್ಲಿ ಬರುತ್ತಿದೆ ಎಂದು ಹೇಳಿತು. ಅದೇ ದಿನ ಆಟವನ್ನು ಮಾರಾಟಕ್ಕೂ ಬಿಟ್ಟಿತು. ಮೂಲ ಆಟ ಬಂದದ್ದು 2006ರಲ್ಲಿ. ಆಗ ಹುಟ್ಟಿಯೇ ಇರದಿದ್ದವರೂ ಈಗ ಅದನ್ನು ಆಡಬಹುದು. ಹಾಗೆ ಹೊಸದಾಗಿ ಆಡಲು ಕೂತವರಿಗೆ ಒಂದು ವಿಚಿತ್ರ ಅನುಭವ ಆಗುತ್ತದೆ. ಆಕಾಶ ಕೆಂಪಾಗಿದೆ. ರಾಕ್ಷಸ ಲೋಕದ ಬಾಗಿಲು ತೆರೆದು ಒಂದು ಊರಿಗೆ ಊರೇ ಸುಟ್ಟು ಹೋಗಿದೆ. ಚಕ್ರವರ್ತಿ ಸತ್ತಿದ್ದಾನೆ. ನಾವು ಮಾತ್ರ ಮೂರು ವಾರದಿಂದ ಕಾಡಿನಲ್ಲಿ ಅಣಬೆ ಕೀಳುತ್ತಾ ಓಡಾಡುತ್ತಿದ್ದೇವೆ. ಆದರೂ ಏನೂ ಆಗಿಲ್ಲ.

ಈ ವಿಲನ್ ಯಾಕೆ ಸುಮ್ನೆ ಕೂತಿದ್ದಾನೆ? ಪ್ರಶ್ನೆ ತಮಾಷೆಯದು ಅನ್ನಿಸಬಹುದು. ಆದರೆ ಈ ಸರಣಿಯ ಖಳರನ್ನು ಅರ್ಥ ಮಾಡಿಕೊಳ್ಳಲು ಇದಕ್ಕಿಂತ ಒಳ್ಳೆಯ ದಾರಿ ನನಗೆ ಕಾಣುವುದಿಲ್ಲ. ಮುಂದೆ ಕಥೆಯ ಗುಟ್ಟುಗಳೆಲ್ಲ ಬರುತ್ತವೆ. ಆಡಿದ ಮೇಲೆ ಓದುತ್ತೇನೆ ಅನ್ನುವವರು ಇಲ್ಲೇ ನಿಲ್ಲಿಸಬಹುದು.

ಗೊತ್ತಿಲ್ಲದವರಿಗೆ ನಾಲ್ಕು ಮಾತು

'ದಿ ಎಲ್ಡರ್ ಸ್ಕ್ರೋಲ್ಸ್' ಒಂದು ರೋಲ್ ಪ್ಲೇಯಿಂಗ್ ಆಟಗಳ ಸರಣಿ. ಅಂದರೆ ನೀವು ಒಂದು ಪಾತ್ರವನ್ನು ಸೃಷ್ಟಿಸುತ್ತೀರಿ. ಯಾವ ಜನಾಂಗ, ಯಾವ ವಿದ್ಯೆ, ಕಳ್ಳನೋ ಮಾಂತ್ರಿಕನೋ ಎಲ್ಲ ನಿಮ್ಮ ಆಯ್ಕೆ. ಆಮೇಲೆ ಆ ಪಾತ್ರವಾಗಿ ಬದುಕುತ್ತೀರಿ. ಕಥೆ ನಡೆಯುವ ಖಂಡದ ಹೆಸರು ಟಾಮ್ರಿಯೆಲ್. ಮುಖ್ಯ ಆಟಗಳು ಐದು: ಅರೀನಾ 1994ರಲ್ಲಿ, ಡ್ಯಾಗರ್‌ಫಾಲ್ 1996ರಲ್ಲಿ, ಮಾರೋವಿಂಡ್ 2002ರಲ್ಲಿ, ಒಬ್ಲಿವಿಯನ್ 2006ರಲ್ಲಿ, ಸ್ಕೈರಿಮ್ 2011ರಲ್ಲಿ ಬಂದವು. ಇವುಗಳ ಜೊತೆಗೆ 2014ರಿಂದ ನಡೆಯುತ್ತಿರುವ ಒಂದು ಆನ್‌ಲೈನ್ ಆಟವೂ ಇದೆ.

ಈ ಆಟಗಳಿಗೆ ಓಪನ್ ವರ್ಲ್ಡ್ ಅನ್ನುತ್ತಾರೆ. ಇಡೀ ನಕ್ಷೆ ಶುರುವಿನಿಂದಲೇ ನಿಮ್ಮ ಮುಂದೆ ಬಿದ್ದಿರುತ್ತದೆ. ಇಲ್ಲೇ ಹೋಗು, ಇದನ್ನೇ ಮಾಡು ಅನ್ನುವ ಬಲವಂತ ಇಲ್ಲ. ಮುಖ್ಯ ಕಥೆಯನ್ನು ಮುಟ್ಟದೆ ನೂರು ಗಂಟೆ ಕಳೆಯಬಹುದು. ಕಥೆ ಬರೆಯುವವರ ತಲೆನೋವು ಶುರುವಾಗುವುದೂ ಅಲ್ಲಿಂದಲೇ.

ಇನ್ನೊಂದು ಪದ. ವಿಲನ್ ಮತ್ತು ಎದುರಾಳಿ ಒಂದೇ ಅಲ್ಲ. ಎದುರಾಳಿ ಅಂದರೆ ನಿಮ್ಮ ದಾರಿಗೆ ಅಡ್ಡ ನಿಂತವನು, ಅಷ್ಟೇ. ಅವನು ಒಳ್ಳೆಯವನೂ ಇರಬಹುದು. ಚದುರಂಗದಲ್ಲಿ ಎದುರು ಕೂತವನು ಎದುರಾಳಿಯೇ ಹೊರತು ದುಷ್ಟ ಅಲ್ಲ ಅಲ್ವಾ? ವಿಲನ್ ಅನ್ನಿಸಿಕೊಳ್ಳಲು ಕೇಡು ಬಗೆಯುವ ಮನಸ್ಸೂ ಬೇಕು. ಈ ಸರಣಿಯಲ್ಲಿ ಮೊದಮೊದಲು ಬಂದವರು ಅಪ್ಪಟ ವಿಲನ್‌ಗಳು. ಬರಬರುತ್ತಾ ಈ ಗೆರೆ ಮಸುಕಾಯಿತು.

ಗಡಿಯಾರ ನಿಮ್ಮ ಕಾಲಿಗೆ ಕಟ್ಟಿದೆ

ಸಿನಿಮಾದಲ್ಲಿ ಕಥೆಯ ವೇಗ ನಿರ್ದೇಶಕನ ಕೈಯಲ್ಲಿ. ವಿಲನ್ ಯಾವಾಗ ಬರಬೇಕು, ನಾಯಕ ಎಷ್ಟು ಹೊತ್ತಿಗೆ ಓಡಬೇಕು ಎಲ್ಲ ಅವನೇ ನಿರ್ಧರಿಸುತ್ತಾನೆ. ಓಪನ್ ವರ್ಲ್ಡ್ ಆಟದಲ್ಲಿ ಆ ವೇಗ ಆಡುವವರ ಕೈಗೆ ಹೋಗುತ್ತದೆ. ನಾಳೆಯೇ ಪ್ರಳಯ ಅಂತ ವಿಲನ್ ಕೂಗಿದರೂ ನೀವು ಮನೆ ಕಟ್ಟುತ್ತಾ ಕೂರಬಹುದು.

ಇದಕ್ಕೆ ಪರಿಹಾರ ಗಡುವು ಇಡುವುದು. ಡ್ಯಾಗರ್‌ಫಾಲ್‌ನಲ್ಲಿ ಎಷ್ಟೋ ಕೆಲಸಗಳಿಗೆ ಇಷ್ಟು ದಿನ ಅಂತ ಇತ್ತು. ತಡವಾದರೆ ಕೆಲಸ ಕೈತಪ್ಪುತ್ತಿತ್ತು. ಆದರೆ ಗಡುವಿದ್ದರೆ ಮನಸ್ಸು ಬಂದ ಕಡೆ ತಿರುಗುವ ಸುಖ ಹಾಳು. ಆ ಸುಖಕ್ಕೇ ಜನ ಈ ಆಟ ಕೊಳ್ಳುವುದು.

ಹಾಗಾಗಿ ಮುಂದಿನ ಆಟಗಳಲ್ಲಿ ಬೇರೆ ಉಪಾಯ ಮಾಡಿದರು. ವಿಲನ್‌ನ ಗಡಿಯಾರವನ್ನು ನಿಮ್ಮ ಹೆಜ್ಜೆಗೆ ಕಟ್ಟಿದರು. ಒಬ್ಲಿವಿಯನ್‌ನಲ್ಲಿ ಮುಖ್ಯ ಕಥೆಯನ್ನು ಮುಂದೆ ತಳ್ಳುವವರೆಗೆ ನಾಡಿನ ತುಂಬ ಬೆಂಕಿಯ ಬಾಗಿಲುಗಳು ತೆರೆಯುವುದಿಲ್ಲ. ಸ್ಕೈರಿಮ್‌ನಲ್ಲಿ ವೈಟ್‌ರನ್ ಊರಿನ ಹೊರಗೆ ಮೊದಲ ಡ್ರ್ಯಾಗನ್ ಅನ್ನು ಕೊಲ್ಲುವವರೆಗೆ ಬೇರೆ ಡ್ರ್ಯಾಗನ್‌ಗಳು ಆಕಾಶದಲ್ಲಿ ಅಲೆಯುವುದಿಲ್ಲ. ಅಂದರೆ ಆಪತ್ತನ್ನು ಎಬ್ಬಿಸುವವರು ನೀವೇ. ಇದು ಗೊತ್ತಿರುವ ಹಳೆಯ ಆಟಗಾರರು ಬೇಕೆಂದೇ ಕಥೆಯ ಕಡೆ ತಲೆ ಹಾಕದೆ ನಾಡನ್ನು ನೆಮ್ಮದಿಯಾಗಿ ಇಟ್ಟುಕೊಳ್ಳುತ್ತಾರೆ!

ಆದರೆ ಕಾಯುವ ವಿಲನ್ ಮರೆತು ಹೋಗುವ ವಿಲನ್ ಕೂಡ. ಮಂಚದ ಕೆಳಗಿನ ಟ್ರಂಕಿನಂತೆ, ಇದೆ ಅಂತ ಗೊತ್ತು, ತೆಗೆದು ನೋಡುವುದಿಲ್ಲ. ಅವನು ದೂರದಲ್ಲಿದ್ದೂ ದಿನಾ ನೆನಪಾಗುವಂತೆ ಮಾಡುವುದು ಹೇಗೆ? ಒಂದೊಂದು ಆಟ ಇದಕ್ಕೆ ಒಂದೊಂದು ಉತ್ತರ ಹುಡುಕಿದೆ.

ಮೊದಲ ಎರಡು ಆಟ

ಅರೀನಾದ ವಿಲನ್ ಜಾಗರ್ ಥಾರ್ನ್. ಚಕ್ರವರ್ತಿಯ ಆಸ್ಥಾನದ ಮಾಂತ್ರಿಕ. ಚಕ್ರವರ್ತಿ ಏಳನೇ ಯೂರಿಯಲ್ ಸೆಪ್ಟಿಮ್‌ನನ್ನು ಬೇರೊಂದು ಲೋಕದಲ್ಲಿ ಕೂಡಿಹಾಕಿ, ತಾನೇ ಅವನ ವೇಷ ಹಾಕಿಕೊಂಡು ಸಿಂಹಾಸನದಲ್ಲಿ ಕೂರುತ್ತಾನೆ. ಅವನ ಮಾಯದ ದಂಡ ಎಂಟು ತುಂಡಾಗಿ ನಾಡಿನ ತುಂಬ ಚದುರಿದೆ. ನೀವು ಒಂದೊಂದಾಗಿ ಹುಡುಕಬೇಕು. ಅವನಿಂದಲೇ ಸತ್ತ ಅವನ ಶಿಷ್ಯೆಯ ದೆವ್ವ ನಿಮಗೆ ದಾರಿ ಹೇಳುತ್ತದೆ. ನೇರವಾದ ಕಥೆ, ನೇರವಾದ ಕೇಡಿಗ. ಹೆಚ್ಚು ಹೇಳಲು ಏನಿಲ್ಲ.

ಡ್ಯಾಗರ್‌ಫಾಲ್‌ನಲ್ಲಿ ಆಟ ತಿರುವಿತು. ಅಲ್ಲಿ ಒಬ್ಬನೇ ಖಳ ಅಂತ ಇಲ್ಲ. ನ್ಯುಮಿಡಿಯಮ್ ಎಂಬ ದೈತ್ಯ ಲೋಹದ ಬೊಂಬೆಯನ್ನು ಯಾರು ವಶ ಮಾಡಿಕೊಳ್ಳಬೇಕು ಎಂದು ರಾಜರು, ಚಕ್ರವರ್ತಿ, ಹೆಣಗಳನ್ನು ಎಬ್ಬಿಸುವ ಮಾಂತ್ರಿಕ ಮ್ಯಾನಿಮಾರ್ಕೋ ಎಲ್ಲರೂ ಕಿತ್ತಾಡುತ್ತಾರೆ. ಬೊಂಬೆಯನ್ನು ಹಿಡಿತದಲ್ಲಿಡುವ ಮಾಯದ ವಸ್ತುವನ್ನು ಯಾರ ಕೈಗೆ ಕೊಡುತ್ತೀರೋ ಅದರ ಮೇಲೆ ಕಥೆಯ ಕೊನೆ. ಮುಂದಿನ ಆಟ ಬರೆಯುವಾಗ ಯಾವ ಕೊನೆಯನ್ನು ನಿಜ ಅನ್ನುವುದು? ಬರೆದವರು ಧೈರ್ಯ ಮಾಡಿ ಕಾಲವೇ ಒಡೆಯಿತು, ಎಲ್ಲ ಕೊನೆಗಳೂ ಒಟ್ಟಿಗೆ ನಡೆದವು ಅಂದುಬಿಟ್ಟರು. ಕಥೆಯೊಳಗೂ ಒಂದೇ ಸತ್ಯ ಇರಬೇಕಿಲ್ಲ ಅನ್ನುವ ಈ ಬುದ್ಧಿಯೇ ಮುಂದೆ ಡಾಗೊತ್ ಊರ್‌ನನ್ನು ಹುಟ್ಟಿಸಿತು ಅಂತ ನನಗನ್ನಿಸುತ್ತದೆ.

ಡಾಗೊತ್ ಊರ್: ಕನಸಿಗೆ ಬರುವವನು

ಮಾರೋವಿಂಡ್ ಆಟ ನಡೆಯುವುದು ವ್ವಾರ್ಡನ್‌ಫೆಲ್ ಎಂಬ ದ್ವೀಪದಲ್ಲಿ. ನಡುವೆ ಕೆಂಪು ಬೆಟ್ಟ ಅನ್ನುವ ಜ್ವಾಲಾಮುಖಿ. ಅದರ ಹೊಟ್ಟೆಯಲ್ಲಿ, ಚಿನ್ನದ ಮುಖವಾಡ ಹಾಕಿಕೊಂಡು ಡಾಗೊತ್ ಊರ್ ಇದ್ದಾನೆ. ಆಟ ಮುಗಿಯುವ ಹೊತ್ತಿನವರೆಗೆ ಅವನು ಹೊರಗೆ ಬರುವುದೇ ಇಲ್ಲ.

ಆದರೆ ಅವನು ಎಲ್ಲೆಲ್ಲೂ ಇದ್ದಾನೆ. ಬೆಟ್ಟದಿಂದ ಬೀಸುವ ಬೂದಿ ಗಾಳಿ ಕಣ್ಣು ಕಟ್ಟುತ್ತದೆ. ಅದರ ಜೊತೆ ರೋಗ ಹರಡುತ್ತದೆ. ಪ್ರಾಣಿಗಳು ಕೊಳೆಯುತ್ತಾ ನಡೆಯುತ್ತವೆ. ಊರಿನ ಜನ ನಿದ್ದೆಯಲ್ಲಿ ಅವನ ಮಾತು ಕೇಳಿ, ಎದ್ದ ಮೇಲೂ ಅದೇ ಬಡಬಡಿಸುತ್ತಾರೆ. ಒಂದು ಹಂತದ ಮೇಲೆ ನೀವು ಮಲಗಿದರೂ ಅವನು ನಿಮ್ಮ ಕನಸಿಗೆ ಬರುತ್ತಾನೆ. ಮಲಗುವುದು ಈ ಆಟದಲ್ಲಿ ಗಾಯ ಮಾಯಿಸಿಕೊಳ್ಳುವ ದಿನನಿತ್ಯದ ಕೆಲಸ. ಅಲ್ಲಿಗೇ ವಿಲನ್ ನುಗ್ಗಿದರೆ ಅವನನ್ನು ಮರೆಯುವುದು ಹೇಗೆ?

ಅವನ ಹಿಂದಿನ ಕಥೆ ಇನ್ನೂ ಸೊಗಸಾಗಿದೆ. ಬಹಳ ಹಿಂದೆ ಡ್ವೆಮರ್ ಎಂಬ ಜನ ಈ ಬೆಟ್ಟದೊಳಗೆ ಒಬ್ಬ ಸತ್ತ ದೇವರ ಹೃದಯವನ್ನು ಕಂಡರು. ಅದರ ಶಕ್ತಿಯನ್ನು ಬಳಸಲು ಹೋಗಿ ಇಡೀ ಜನಾಂಗವೇ ಒಂದೇ ಏಟಿಗೆ ಮಾಯವಾಯಿತು. ಅವರ ವಿರುದ್ಧ ಯುದ್ಧಕ್ಕೆ ಬಂದಿದ್ದ ನಾಯಕ ನೆರೆವಾರ್. ಅವನ ಗೆಳೆಯ ವೋರಿನ್ ಡಾಗೊತ್, ಮುಂದೆ ಡಾಗೊತ್ ಊರ್ ಆದವನು. ಹೃದಯದ ಶಕ್ತಿಯನ್ನು ಬಳಸುವ ಉಪಕರಣಗಳು ಅವರಿಗೆ ಸಿಕ್ಕವು. ಅವನ್ನು ಡಾಗೊತ್ ಕಾಯುತ್ತಾ ಕೂತ. ಮುಂದೇನಾಯಿತು?

ಅದು ಯಾರನ್ನು ಕೇಳುತ್ತೀರಿ ಅನ್ನುವುದರ ಮೇಲೆ ನಿಂತಿದೆ. ದೇವಸ್ಥಾನದವರು, ಡಾಗೊತ್ ದ್ರೋಹ ಮಾಡಿದ ಅನ್ನುತ್ತಾರೆ. ಬಯಲಿನಲ್ಲಿ ಅಲೆಯುವ ಬುಡಕಟ್ಟಿನವರು, ನೆರೆವಾರ್‌ನನ್ನು ಕೊಂದದ್ದು ಅವನ ಹೆಂಡತಿ ಮತ್ತು ಮಂತ್ರಿಗಳೇ, ಹಾಗೆ ಕೊಂದು ಹೃದಯದ ಶಕ್ತಿ ಕದ್ದು ಅವರು ದೇವರಾದರು ಅನ್ನುತ್ತಾರೆ. ಆ ದೇವರಲ್ಲೊಬ್ಬನಾದ ವಿವೆಕ್ ಇನ್ನೂ ಬದುಕಿದ್ದಾನೆ. ಅವನನ್ನೇ ನೇರ ಕೇಳಬಹುದು. ಅವನು ತನ್ನದೇ ಕಥೆ ಹೇಳಿ, ನಾನು ಕೊಲ್ಲಲಿಲ್ಲ ಅನ್ನುತ್ತಾನೆ. ಹೃದಯದ ಶಕ್ತಿ ಬಳಸಿದ್ದನ್ನು ಮಾತ್ರ ಒಪ್ಪಿಕೊಳ್ಳುತ್ತಾನೆ. ಒಂದೇ ಮನೆಯ ಆಸ್ತಿ ಜಗಳವನ್ನು ಮೂರು ಜನರ ಬಾಯಲ್ಲಿ ಕೇಳಿದ ಹಾಗೆ. ಆಟ ತೀರ್ಪು ಕೊಡುವುದಿಲ್ಲ.

ಇನ್ನು ನೀವು ಯಾರು? ನೆರೆವಾರ್‌ನ ಮರುಜನ್ಮ ಎಂದು ಭವಿಷ್ಯವಾಣಿ ಹೇಳುತ್ತದೆ. ಅಂದರೆ ಬೆಟ್ಟದೊಳಗಿರುವವನು ನಿಮ್ಮ ಹಳೆಯ ಗೆಳೆಯ. ಅದಕ್ಕೇ ಅವನು ಬೆದರಿಸುವುದಕ್ಕಿಂತ ಜಾಸ್ತಿ ಕರೆಯುತ್ತಾನೆ. ಬಾ, ಹೊರಗಿನಿಂದ ಬಂದು ನಾಡನ್ನು ಆಳುತ್ತಿರುವ ಸಾಮ್ರಾಜ್ಯವನ್ನು ಓಡಿಸೋಣ, ಸುಳ್ಳು ದೇವರನ್ನು ಇಳಿಸೋಣ ಅನ್ನುವುದು ಅವನ ವಾದ. ಅವನ ಕಡೆಯವನೊಬ್ಬ ನಿಮಗೆ ಕೊರ್ಪ್ರಸ್ ಎಂಬ ವಾಸಿಯಾಗದ ರೋಗ ಅಂಟಿಸುತ್ತಾನೆ. ಆಮೇಲೆ ಒಬ್ಬ ಮುದಿ ಮಾಂತ್ರಿಕನ ಮದ್ದಿನಿಂದ ಅದರ ಕೆಡುಕೆಲ್ಲ ಹೋಗಿ, ಬೇರೆ ಯಾವ ರೋಗವೂ ತಾಗದ ಮೈ ಮಾತ್ರ ಉಳಿಯುತ್ತದೆ. ಭವಿಷ್ಯವಾಣಿಯ ನಾಯಕನಿಗೆ ಇರಬೇಕಾದ ಲಕ್ಷಣ ಅದೇ. ನಿಮ್ಮನ್ನು ನಾಯಕನಾಗಿ ಮಾಡಿದ್ದು ವಿಲನ್ ಕೊಟ್ಟ ಕಾಯಿಲೆ!

ಕೊನೆಗೆ ಎದುರಾದಾಗ ಅವನು ತಕ್ಷಣ ಕತ್ತಿ ಎತ್ತುವುದಿಲ್ಲ. ಪ್ರಶ್ನೆ ಕೇಳುತ್ತಾನೆ. ನೀನು ನಿಜಕ್ಕೂ ನೆರೆವಾರ್‌ನಾ? ಗೆದ್ದರೆ ಈ ಹೃದಯವನ್ನು ಏನು ಮಾಡುತ್ತೀ? ನೀವು ಉತ್ತರ ಆರಿಸಬಹುದು. ಯಾವ ಉತ್ತರ ಕೊಟ್ಟರೂ ಜಗಳ ತಪ್ಪುವುದಿಲ್ಲ. ಆದರೆ ಆ ಪ್ರಶ್ನೆ ಕೇಳಿಸಿಕೊಂಡ ಮೇಲೆ ಅವನನ್ನು ಸುಮ್ನೆ ದುಷ್ಟ ಅಂತ ತಳ್ಳಿಹಾಕುವುದು ಕಷ್ಟ. ರೋಗ ಹರಡಿ, ಜನರ ಮನಸ್ಸು ಕೆಡಿಸಿ, ಹೊಸದೊಂದು ಲೋಹದ ದೇವರನ್ನು ಕಟ್ಟುತ್ತಿರುವವನು ಅವನೇ ಅನ್ನುವುದೂ ಮರೆಯುವಂತಿಲ್ಲ. ಅವನ ದೂರು ನ್ಯಾಯದ್ದು, ದಾರಿ ಭೀಕರ. ಆಟಗಾರರು ಇಂದಿಗೂ ಅವನ ಬಗ್ಗೆ ವಾದ ಮಾಡುವುದು ಈ ಎರಡರ ನಡುವೆ ಸಿಕ್ಕಿಕೊಂಡು.

ಡೇಡ್ರಾ ಅಂದರೆ ದೆವ್ವಗಳಾ?

ಮುಂದೆ ಹೋಗುವ ಮೊದಲು ಈ ಪದ ಬೇಕು. ಈ ಲೋಕದ ಹುಟ್ಟಿಗೆ ಮುಂಚಿನಿಂದ ಇರುವ ಶಕ್ತಿಗಳು ಎರಡು ಬಗೆ. ಜಗತ್ತನ್ನು ಮಾಡಲು ತಮ್ಮ ಶಕ್ತಿ ಕೊಟ್ಟವರು ಏಡ್ರಾ. ಕೊಡದೆ ದೂರ ನಿಂತವರು ಡೇಡ್ರಾ. ಎಲ್ಫ್ ಎಂಬ ಜನಾಂಗದವರ ಮಾತಿನಲ್ಲಿ ಏಡ್ರಾ ಅಂದರೆ ನಮ್ಮ ಪೂರ್ವಜರು, ಡೇಡ್ರಾ ಅಂದರೆ ನಮ್ಮ ಪೂರ್ವಜರಲ್ಲದವರು. ಅಷ್ಟೇ. ಕೆಟ್ಟವರು ಅನ್ನುವ ಅರ್ಥ ಆ ಪದದಲ್ಲಿಲ್ಲ.

ಡೇಡ್ರಾಗಳಲ್ಲಿ ದೊಡ್ಡವರಿಗೆ ಪ್ರಿನ್ಸ್ ಅಂತ ಹೆಸರು. ಒಬ್ಬೊಬ್ಬರಿಗೆ ಒಂದೊಂದು ಗುಣ, ಒಂದೊಂದು ಲೋಕ. ಮೆಹ್ರೂನ್ಸ್ ಡೇಗನ್‌ನದು ನಾಶ, ಬದಲಾವಣೆ, ದಂಗೆ. ಮೋಲಾಗ್ ಬಾಲ್‌ನದು ಪರರನ್ನು ಗುಲಾಮರನ್ನಾಗಿ ಮಾಡುವುದು. ಹರ್ಮೇಯಸ್ ಮೋರಾನದು ಜ್ಞಾನದ ಹಸಿವು. ಶಿಯೋಗೊರಾತ್‌ನದು ಹುಚ್ಚು. ಇವರನ್ನು ಮನುಷ್ಯರಂತೆ ಅಳೆಯುವುದು ಕಷ್ಟ. ಬೆಂಕಿ ಮನೆ ಸುಟ್ಟರೆ ಬೆಂಕಿಯನ್ನು ಪಾಪಿ ಅನ್ನುತ್ತೇವಾ? ಡೇಗನ್ ಸುಡುವುದು ಅವನ ಸ್ವಭಾವ. ಹಾಗಂತ ಎಲ್ಲರಿಗೂ ಇದೇ ರಿಯಾಯಿತಿ ಕೊಡಲಾಗದು. ಮೋಲಾಗ್ ಬಾಲ್ ಮಾಡುವುದನ್ನು ನೋಡಿದವರು ಸ್ವಭಾವ ಗಿಭಾವ ಅಂತ ಮಾತಾಡುವುದಿಲ್ಲ.

ಇದರಲ್ಲಿ ಅತ್ಯಂತ ಮಜವಾದ ತಿರುವು 2007ರಲ್ಲಿ ಒಬ್ಲಿವಿಯನ್‌ಗೆ ಬಂದ 'ಶಿವರಿಂಗ್ ಐಲ್ಸ್' ಎಂಬ ಸೇರ್ಪಡೆಯಲ್ಲಿದೆ. ಹುಚ್ಚಿನ ಪ್ರಿನ್ಸ್ ಶಿಯೋಗೊರಾತ್ ನಿಮ್ಮ ಸಹಾಯ ಕೇಳುತ್ತಾನೆ. ಶಿಸ್ತಿನ ಪ್ರಿನ್ಸ್ ಜಿಗಲಾಗ್ ತನ್ನ ಲೋಕದ ಮೇಲೆ ದಂಡೆತ್ತಿ ಬರುತ್ತಿದ್ದಾನೆ, ತಡೆ ಅನ್ನುತ್ತಾನೆ. ಆಮೇಲೆ ಗೊತ್ತಾಗುತ್ತದೆ, ಅವರಿಬ್ಬರೂ ಒಬ್ಬನೇ. ಜಿಗಲಾಗ್‌ನ ಬಲಕ್ಕೆ ಹೆದರಿದ ಉಳಿದ ಪ್ರಿನ್ಸ್‌ಗಳು ಅವನನ್ನು ಹುಚ್ಚನಾಗು ಎಂದು ಶಪಿಸಿದ್ದರು. ಯುಗಕ್ಕೊಮ್ಮೆ ಮಾತ್ರ ಅವನಿಗೆ ತನ್ನ ಸ್ವಂತ ರೂಪ. ಕೆಲಸ ಕೊಟ್ಟ ಯಜಮಾನನೇ ಕೊನೆಯ ಎದುರಾಳಿ.

ಕ್ಯಾಮೊರನ್: ಪುಸ್ತಕ ಬರೆದ ಖಳ

ಒಬ್ಲಿವಿಯನ್‌ನ ಪೋಸ್ಟರಿನ ವಿಲನ್ ಮೆಹ್ರೂನ್ಸ್ ಡೇಗನ್. ಆದರೆ ಕಥೆಯ ತುಂಬ ಕೆಲಸ ಮಾಡುವವನು ಮ್ಯಾಂಕರ್ ಕ್ಯಾಮೊರನ್ ಎಂಬ ಮನುಷ್ಯಲೋಕದ ಗುರು. ಬೆಂಕಿ ಡೇಗನ್ ಆದರೆ ಕಡ್ಡಿ ಗೀರಿದವನು ಕ್ಯಾಮೊರನ್. ಅವನ ಶಿಷ್ಯರೇ ಆಟದ ಶುರುವಿನಲ್ಲಿ ಚಕ್ರವರ್ತಿಯನ್ನು ಕೊಲ್ಲುವುದು. ಅರೀನಾದಲ್ಲಿ ಸೆರೆಯಾಗಿದ್ದ ಅದೇ ಏಳನೇ ಯೂರಿಯಲ್.

ಕ್ಯಾಮೊರನ್ ನಿಮ್ಮನ್ನು ಮುಟ್ಟುವುದು ಪುಸ್ತಕದ ಮೂಲಕ. ಅವನು ಬರೆದ ನಾಲ್ಕು ಸಂಪುಟ ಕೂಡಿಸಬೇಕು. ಪ್ರತಿ ಪ್ಯಾರಾದ ಮೊದಲ ಅಕ್ಷರ ಜೋಡಿಸಿದರೆ ಅವನ ಪಂಥದ ಗುಪ್ತ ಜಾಗಕ್ಕೆ ದಾರಿ ಸಿಗುತ್ತದೆ. ಅವನನ್ನು ಹಿಡಿಯಬೇಕಾದರೆ ಅವನನ್ನು ಓದಲೇಬೇಕು. ನಿಜವಾದ ಪಂಥಗಳು ಜನರನ್ನು ಸೆಳೆಯುವುದೂ ಹೀಗೇ: ಒಂದು ಗುಟ್ಟು, ಅದನ್ನು ಬಿಡಿಸಿದ ಹೆಮ್ಮೆ, ಆಮೇಲೆ ಒಳಗೆ ಪ್ರವೇಶ.

ಅವನ ವಾದ ಇದು. ಟಾಮ್ರಿಯೆಲ್ ಕೂಡ ಡೇಡ್ರಾಗಳ ಲೋಕಗಳಲ್ಲಿ ಒಂದು. ಹಾಗಾಗಿ ಡೇಗನ್ ಬರುವುದು ದಾಳಿ ಅಲ್ಲ, ಬಿಡುಗಡೆ. ಕೇಳಲು ಗಂಭೀರ. ಆದರೆ ಅದೇ ಭಾಷಣದಲ್ಲಿ ಅವನು ಯಾವ ಲೋಕ ಯಾರದು ಅನ್ನುವುದನ್ನೇ ತಪ್ಪು ಹೇಳುತ್ತಾನೆ. ಮೋಲಾಗ್ ಬಾಲ್‌ನ ಕೋಲ್ಡ್‌ಹಾರ್ಬರ್ ಅನ್ನು ಮೆರಿಡಿಯಾಗೆ ಕೊಟ್ಟುಬಿಡುತ್ತಾನೆ! ಬರೆದವರ ಕೈತಪ್ಪೋ ಅಥವಾ ಅವನ ಅರೆಬರೆ ಜ್ಞಾನ ತೋರಿಸುವ ಜಾಣತನವೋ, ಆಟಗಾರರು ಇನ್ನೂ ಜಗಳ ಆಡುತ್ತಾರೆ.

ಡೇಗನ್ ಸ್ವತಃ ಬರುವುದು ಕೊನೆಯಲ್ಲಿ. ಬೆಟ್ಟದಷ್ಟು ಎತ್ತರ. ಅವನನ್ನು ಸೋಲಿಸುವವರು ನೀವಲ್ಲ. ಚಕ್ರವರ್ತಿಯ ಉಳಿದೊಬ್ಬ ಮಗ ಮಾರ್ಟಿನ್ ಬೆಂಕಿಯ ಡ್ರ್ಯಾಗನ್ ಆಗಿ ಅವನನ್ನು ಓಡಿಸಿ ಕಲ್ಲಾಗುತ್ತಾನೆ. ಆಟದಲ್ಲಿ ಇಷ್ಟು ದಿನ ದುಡಿದವರಿಗೆ ಇದು ಸ್ವಲ್ಪ ನಿರಾಸೆ ಅನ್ನಿಸಿದರೆ ಆಶ್ಚರ್ಯ ಇಲ್ಲ.

ಆಲ್ಡುಯಿನ್: ನಿಮ್ಮ ತಲೆ ಉಳಿಸಿದವನು

ಸ್ಕೈರಿಮ್ ತದ್ವಿರುದ್ಧ ಉಪಾಯ ಮಾಡಿತು. ವಿಲನ್ ಅನ್ನು ಮೊದಲ ದೃಶ್ಯದಲ್ಲೇ ತೋರಿಸಿತು. ಹೆಲ್ಗೆನ್ ಎಂಬ ಊರಿನಲ್ಲಿ ನಿಮ್ಮ ತಲೆ ಕಡಿಯಲು ಕೊಡಲಿ ಎತ್ತಿದ್ದಾರೆ. ಆಗ ಕಪ್ಪು ಡ್ರ್ಯಾಗನ್ ಆಲ್ಡುಯಿನ್ ಬಂದಿಳಿಯುತ್ತಾನೆ, ಊರು ಸುಡುತ್ತಾನೆ, ಆ ಗಲಾಟೆಯಲ್ಲಿ ನೀವು ಬಚಾವ್. ಲೆಕ್ಕ ಹಾಕಿದರೆ ಅವನು ನಿಮ್ಮ ಜೀವ ಉಳಿಸಿದವನು.

ಅವನು ಹಿಂದೊಮ್ಮೆ ಜನರನ್ನು ಆಳಿದ್ದ. ಆಗಿನ ವೀರರಿಗೆ ಅವನನ್ನು ಕೊಲ್ಲಲು ಆಗಲಿಲ್ಲ. ಎಲ್ಡರ್ ಸ್ಕ್ರೋಲ್ ಎಂಬ ಮಾಯದ ಸುರುಳಿ ಬಳಸಿ ಕಾಲದಲ್ಲಿ ಮುಂದಕ್ಕೆ ಎಸೆದರು. ಅಜ್ಜ ತೀರಿಸದ ಸಾಲ ಮೊಮ್ಮಗನ ಬಾಗಿಲಿಗೆ ಬಂದ ಹಾಗೆ, ಅವನು ಬಂದು ಇಳಿದದ್ದು ನಿಮ್ಮ ಕಾಲಕ್ಕೆ.

ಇನ್ನೊಂದು ತೊಡಕಿದೆ. ಆಲ್ಡುಯಿನ್‌ನ ಬಿರುದು ಲೋಕ ನುಂಗುವವನು. ಒಂದು ಲೋಕ ಮುಗಿದು ಇನ್ನೊಂದು ಹುಟ್ಟಲು ಅವನು ಬೇಕು ಅನ್ನುವ ನಂಬಿಕೆ ಇದೆ. ಹಾಗಾದರೆ ಅವನನ್ನು ತಡೆಯುವುದು ಸರಿಯಾ? ಹಿಂದೆ ಅವನ ಬಲಗೈ ಆಗಿದ್ದು ಆಮೇಲೆ ಬದಲಾದ ಮುದಿ ಡ್ರ್ಯಾಗನ್ ಪಾರ್ಥರ್‌ನಾಕ್ಸ್ ಈ ಪ್ರಶ್ನೆಯನ್ನು ನಿಮ್ಮ ಮುಂದಿಡುತ್ತಾನೆ. ನೀವು ಆರಿಸಬಹುದಾದ ಉತ್ತರಗಳಲ್ಲಿ ಒಂದು, ನನಗೆ ಈ ಲೋಕ ಇಷ್ಟ, ಮುಗಿಯುವುದು ಬೇಡ ಅನ್ನುವುದು. ಅಣಬೆ ಕೀಳುತ್ತಾ ನೂರು ಗಂಟೆ ಅಲೆದವರಿಗೆ ಆ ಉತ್ತರ ನಿಜವೇ ಆಗಿರುತ್ತದೆ. ತಿರುಗಾಟವೇ ಇಲ್ಲಿ ಕಥೆಗೆ ಕಾರಣ ಒದಗಿಸುತ್ತದೆ. ಇಡೀ ಸರಣಿಯಲ್ಲಿ ನನಗೆ ಬಹಳ ಹಿಡಿಸಿದ ಜಾಗ ಇದು.

ಆದರೂ ಆಲ್ಡುಯಿನ್ ಆಮೇಲೆ ಅಪರೂಪಕ್ಕೆ ಕಾಣುತ್ತಾನೆ. ಆ ಕೊರತೆ ತುಂಬಿದ್ದು 2012ರ ಕೊನೆಗೆ ಬಂದ 'ಡ್ರ್ಯಾಗನ್‌ಬಾರ್ನ್' ಸೇರ್ಪಡೆಯ ಮಿರಾಕ್. ಈ ಆಟದಲ್ಲಿ ನೀವು ಡ್ರ್ಯಾಗನ್ ಕೊಂದರೆ ಅದರ ಆತ್ಮ ನಿಮಗೆ ಸಿಗುತ್ತದೆ. ಅದೇ ನಿಮ್ಮ ಸಂಪಾದನೆ. ಮಿರಾಕ್ ಏನು ಮಾಡುತ್ತಾನೆ ಗೊತ್ತಾ? ನೀವು ಕಷ್ಟಪಟ್ಟು ಡ್ರ್ಯಾಗನ್ ಉರುಳಿಸಿದ ಹೊತ್ತಿಗೆ ನೆರಳಿನಂತೆ ಬಂದು ಆ ಆತ್ಮ ಎತ್ತಿಕೊಂಡು ಹೋಗುತ್ತಾನೆ. ಊರು ಸುಟ್ಟಾಗ ಬರದ ಸಿಟ್ಟು ಆಗ ಬರುತ್ತದೆ. ಕಿಸೆಗೆ ಕೈ ಹಾಕಿದ ವಿಲನ್ ಅನ್ನು ಯಾರೂ ಮರೆಯುವುದಿಲ್ಲ. ಅವನೂ ನಿಮ್ಮ ಹಾಗೇ ಡ್ರ್ಯಾಗನ್ ರಕ್ತದವನು, ಮೊದಲನೆಯವನು. ಕೊನೆಗೆ ಅವನನ್ನು ಕೊಲ್ಲುವುದು ಅವನ ಒಡೆಯ ಹರ್ಮೇಯಸ್ ಮೋರಾ. ಕೊಂದು, ಇನ್ನು ಅವನ ಜಾಗ ನಿನ್ನದು ಅನ್ನುತ್ತಾನೆ.

ಸೋಲದೆ ಉಳಿದವರು

ಸ್ಕೈರಿಮ್‌ನಲ್ಲಿ ಡ್ರ್ಯಾಗನ್ ಕಥೆಯ ಪಕ್ಕದಲ್ಲೇ ಒಂದು ಅಂತರ್ಯುದ್ಧ ನಡೆಯುತ್ತಿರುತ್ತದೆ. ಒಂದು ಕಡೆ ಸಾಮ್ರಾಜ್ಯ. ಇನ್ನೊಂದು ಕಡೆ ಬಂಡೆದ್ದ ಉಲ್ಫ್ರಿಕ್ ಸ್ಟಾರ್ಮ್‌ಕ್ಲೋಕ್. ಜಗಳದ ಬೇರು, ಟಾಲೋಸ್ ಎಂಬ ದೇವರ ಪೂಜೆಗೆ ಬಿದ್ದ ನಿಷೇಧ. ಸೋಲುವ ಸ್ಥಿತಿಗೆ ಬಂದಿದ್ದ ಸಾಮ್ರಾಜ್ಯ ಎಲ್ಫ್‌ಗಳ ಜೊತೆ ಮಾಡಿಕೊಂಡ ಒಪ್ಪಂದದಲ್ಲಿ ಅದೂ ಒಂದು ಷರತ್ತು. ಯಾರ ಪಕ್ಷ ಸೇರಬೇಕು ಅನ್ನುವುದು ನಿಮ್ಮ ಇಷ್ಟ. ಯಾರನ್ನು ಸೇರಿದರೂ ಇನ್ನೊಬ್ಬರು ಎದುರಾಳಿ, ವಿಲನ್ ಅಲ್ಲ.

ಈ ಒಪ್ಪಂದದ ಹಿಂದಿರುವವರು ಥಾಲ್ಮೋರ್, ಎಲ್ಫ್‌ಗಳ ಆಳುವ ಪಂಗಡ. ಅವರ ರಾಯಭಾರ ಕಚೇರಿಗೆ ನೀವು ಕಳ್ಳನಂತೆ ನುಗ್ಗಿದಾಗ ಒಂದು ಕಡತ ಸಿಗುತ್ತದೆ. ಯುದ್ಧದಲ್ಲಿ ಯಾರೂ ಪೂರ್ತಿ ಗೆಲ್ಲಬಾರದು, ಜಗಳ ಎಳೆಯುತ್ತಲೇ ಇರಬೇಕು ಅನ್ನುವುದು ಅವರ ಲೆಕ್ಕ ಎಂದು ಅದರಲ್ಲಿ ಬರೆದಿದೆ. ಕೊಂಬಿಲ್ಲ, ಬೆಂಕಿಯಿಲ್ಲ, ಬರೀ ಕಾಗದ.

ಡಾಗೊತ್ ಊರ್ ಸತ್ತ. ಡೇಗನ್ ಓಡಿದ. ಆಲ್ಡುಯಿನ್ ಬಿದ್ದ. ಆದರೆ ಥಾಲ್ಮೋರ್‌ನವರನ್ನು ಸೋಲಿಸುವ ದಾರಿ ಸ್ಕೈರಿಮ್‌ನಲ್ಲಿ ಇಲ್ಲ. ಅಲ್ಲಲ್ಲಿ ನಾಲ್ಕು ಜನರನ್ನು ಕೊಲ್ಲಬಹುದು, ಅಷ್ಟೇ. ಆಮೇಲೆ ಬಂದ ಆನ್‌ಲೈನ್ ಆಟದ ಕಥೆ ನಡೆಯುವುದು ಸುಮಾರು ಸಾವಿರ ವರ್ಷ ಹಿಂದೆ. ಆರನೇ ಆಟ ಬರುತ್ತದೆ ಎಂದು ಬೆಥೆಸ್ಡಾ 2018ರ ಜೂನ್‌ನಲ್ಲಿ ಒಂದು ಪುಟ್ಟ ವಿಡಿಯೊ ತೋರಿಸಿತು. ಅದರಲ್ಲಿ ಬೆಟ್ಟ, ಮೋಡ, ಆಟದ ಹೆಸರು ಇಷ್ಟೇ ಇದ್ದವು. ಥಾಲ್ಮೋರ್‌ನವರು 2011ರಿಂದ ಕಾಯುತ್ತಿದ್ದಾರೆ.